‘ಹವಾಯಿಯನ್ ಜಯಂಟ್’ ಮನಿ ಪ್ಲಾಂಟ್ ಅಂತ ಯಾರಾದರೂ ಮಾರಲು ಬಂದರೆ ದುಡ್ಡು ಕೊಡಬೇಡಿ

ಶಿವಮೊಗ್ಗದಲ್ಲಿ ವಾಟ್ಸಾಪ್‌ನಲ್ಲಿ ಗಿಡ ತರಿಸುವವರು ದಯವಿಟ್ಟು ಓದಿ. 850 ರೂಪಾಯಿ ಕೊಟ್ಟು ನಾನು ತರಿಸಿದ್ದು ಸಾದಾ ಮನಿ ಪ್ಲಾಂಟ್. ಹೌದು, ಎಲ್ಲರ ಮನೆ ಕಿಟಕಿಯಲ್ಲಿ ಬಾಟಲಿ ನೀರಲ್ಲಿ ಬೆಳೆಯುತ್ತದಲ್ಲ, ಅದೇ! ಪಕ್ಕದ ಮನೆಯಲ್ಲಿ ಕೇಳಿದ್ದರೆ ಕಾಫಿ ಕೊಟ್ಟು ಒಂದು ತುಂಡೂ ಕೊಡುತ್ತಿದ್ದರು.

ಫೋಟೋದಲ್ಲಿ ಎಲೆ ಮೊರದಗಲ ಇತ್ತು. ಹಳದಿ ಪಟ್ಟೆ, ಅಂಚಿನಲ್ಲಿ ಸೀಳು. “ಮೇಡಂ, ಇದು ಮಾಮೂಲಿ ಮನಿ ಪ್ಲಾಂಟ್ ಅಲ್ಲ, ಹವಾಯಿ ತಳಿ. ಎಲೆ ಇಷ್ಟೇ ದೊಡ್ಡದು ಬರುತ್ತೆ. ಮುಂದಿನ ವರ್ಷ ಹೂನೂ ಬಿಡುತ್ತೆ” ಅಂದರು. ಬಂದ ಗಿಡದಲ್ಲಿದ್ದ ಎರಡು ಎಲೆ ನಿಜಕ್ಕೂ ದೊಡ್ಡದಾಗಿಯೇ ಇದ್ದವು, ಹಾಗಾಗಿ ಅನುಮಾನ ಬರಲಿಲ್ಲ. ಹಾಲ್‌ನಲ್ಲಿ ತೂಗುಹಾಕಿದೆ. ಆಮೇಲೆ ಬಂದ ಎಲೆ ಚಿಕ್ಕದು. ಅದರ ಮುಂದಿನದು ಇನ್ನೂ ಚಿಕ್ಕದು. ಪಟ್ಟೆಯೂ ಮಾಸಿತು.

ಕೇಳಿದ್ದಕ್ಕೆ ಬಂದ ಉತ್ತರ ನೋಡಿ. ಮೊದಲು “ನೀರು ಜಾಸ್ತಿ ಹಾಕಿದ್ದೀರಿ.” ಆಮೇಲೆ “ನಲ್ಲಿ ನೀರಾ? ಅದಕ್ಕೇ.” ಆಮೇಲೆ “ನಮ್ಮ ಹತ್ತಿರ ಸ್ಪೆಷಲ್ ಗೊಬ್ಬರ ಇದೆ, 350 ರೂಪಾಯಿ.” ಕೊನೆಗೆ “ಕೆಲವರ ಕೈಗುಣ ಹಾಗೆ ಮೇಡಂ.” ಕೈಗುಣವಂತೆ! ಅಂಗಳದಲ್ಲಿ ದಾಸವಾಳ, ಸೇವಂತಿಗೆ ಎಲ್ಲ ಬೆಳೆಸುವವಳಿಗೆ ಈ ಮಾತು!

ವಿಷಯ ಬಯಲಾಗಿದ್ದು ತೀರ್ಥಹಳ್ಳಿ ಕಡೆ ದೊಡ್ಡಮ್ಮನ ಮನೆಯಲ್ಲಿ. ಹಿತ್ತಲ ಹಲಸಿನ ಮರದ ತುಂಬ ಅದೇ ಎಲೆ. ಅದೇ ಪಟ್ಟೆ, ಅದೇ ಸೀಳು. ಬುಡದಲ್ಲಿ ನೆಲದ ಮೇಲೆ ಹಬ್ಬಿದ ಕಡೆ ಮಾತ್ರ ಸಣ್ಣ ಸಣ್ಣ ಎಲೆ. ಕೈಯಲ್ಲಿ ಹಿಡಿದು ಮೇಲಿನವರೆಗೂ ನೋಡಿದೆ. ಎರಡೂ ಒಂದೇ ಬಳ್ಳಿ. “ಇದಕ್ಕೆ ದುಡ್ಡು ಕೊಟ್ಯಾ ಮಾರಾಯ್ತಿ? ದನಾನೂ ಮೂಸಲ್ಲ. ಕಡಿದು ಹಾಕೋದೇ ನಂಗೊಂದು ಕೆಲಸ” ಅಂದರು ದೊಡ್ಡಮ್ಮ. ದೊಡ್ಡಪ್ಪ ಈಗಲೂ ಫೋನ್ ಮಾಡಿದರೆ ಮೊದಲು ಕೇಳುವುದು “ಹವಾಯಿ ಹೇಗಿದೆ?” ಅಂತಲೇ.

ಇದು ತಳಿಯ ಮಾತೇ ಅಲ್ಲ. ಮನಿ ಪ್ಲಾಂಟ್, ಅಂದರೆ ಎಪಿಪ್ರೆಮ್ನಮ್ ಆರಿಯಮ್, ಮರ ಹತ್ತಿದರೆ ಎಲೆ ದೊಡ್ಡದಾಗಿ ಸೀಳುತ್ತದೆ. ಇಳಿಬಿಟ್ಟರೆ ಮತ್ತೆ ಸಣ್ಣದಾಗುತ್ತದೆ. ಮರದ ಮೇಲಿನ ತುಂಡನ್ನು ಕತ್ತರಿಸಿ ಕುಂಡಕ್ಕೆ ಚುಚ್ಚಿ ಕೊಟ್ಟಿದ್ದಾರೆ, ಅಷ್ಟೇ. ಅದರ ಮೂಲವೂ ಹವಾಯಿ ಅಲ್ಲ, ಫ್ರೆಂಚ್ ಪಾಲಿನೇಷ್ಯಾದ ಮೊರಿಯಾ ದ್ವೀಪ. ಇನ್ನು ಹೂವು! ಈ ಗಿಡ ಹೂ ಬಿಡುವುದೇ ಇಲ್ಲ ಅನ್ನಬಹುದು. ಹೂವಿಗೆ ಬೇಕಾದ ಜಿಬ್ಬರೆಲಿನ್ ಹಾರ್ಮೋನು ತಯಾರಿಸುವ ಜೀನ್ ಇದರಲ್ಲಿ ಸರಿಯಾಗಿ ಕೆಲಸ ಮಾಡುವುದಿಲ್ಲ ಅಂತ 2016ರಲ್ಲೇ ವಿಜ್ಞಾನಿಗಳು ಬರೆದಿದ್ದಾರೆ. ಹೂ ಬಿಡುತ್ತೆ ಅಂದ ಕೂಡಲೇ ಫೋನ್ ಇಡಬೇಕು ಅಂತ ಯಾರಿಗೆ ಗೊತ್ತಿತ್ತು?

ಹಲಸಿನ ಮರದ ಫೋಟೋ ಕಳಿಸಿ ದುಡ್ಡು ವಾಪಸ್ ಕೇಳಿದೆ. “ನಾವು ಸುಳ್ಳು ಹೇಳಿಲ್ಲ ಮೇಡಂ, ಫೋಟೋದಲ್ಲಿದ್ದ ಎಲೆ ಇದೇ ಬಳ್ಳಿದು” ಅಂದರು. ಸತ್ಯವೇ, ಅಲ್ವಾ? ಆಮೇಲೆ ನನ್ನನ್ನು ಬ್ಲಾಕ್ ಮಾಡಿದರು.

ಬೇರೆ ತಳಿ ಬೇಕಿದ್ದರೆ ಬಣ್ಣ ನೋಡಿ ಕೊಳ್ಳಿ, ಅಗಲ ನೋಡಿ ಅಲ್ಲ. ಮಾರ್ಬಲ್ ಕ್ವೀನ್‌ಗೆ ಬಿಳಿ ಚೆಲ್ಲಿದ ಹಾಗಿರುತ್ತದೆ, ನಿಯಾನ್ ಪೂರ್ತಿ ತಿಳಿ ಹಸಿರು. ಎನ್‌ಜಾಯ್ ಅಂತೂ ನಮ್ಮ ಭಾರತದಲ್ಲೇ ಮಾರ್ಬಲ್ ಕ್ವೀನ್‌ನಿಂದ ಬಂದದ್ದು. ಇವೆಲ್ಲ ಸಣ್ಣ ಎಲೆಯಲ್ಲೇ ಗೊತ್ತಾಗುತ್ತವೆ. ದೊಡ್ಡ ಎಲೆಯದ್ದೇ ಬೇಕು ಅನ್ನುವವರು ನನಗೆ ಹೇಳಿ, ದೊಡ್ಡಮ್ಮನ ಮನೆಯಿಂದ ಮೂಟೆಗಟ್ಟಲೆ ತಂದುಕೊಡುತ್ತೇನೆ. ದುಡ್ಡು ಬೇಡ. ಹತ್ತಿಸಲು ಮರ ಮಾತ್ರ ನೀವೇ ನೋಡಿಕೊಳ್ಳಿ. ಮನೆಯಲ್ಲಿ ನಾಯಿ, ಬೆಕ್ಕು ಇರುವವರಿಗೆ ಕೊಡುವುದಿಲ್ಲ, ಎಲೆ ಕಚ್ಚಿದರೆ ಅವುಗಳ ಬಾಯಿ ಉರಿಯುತ್ತದೆ.