ಆರನೇ ಸೈಜಿನ ಚೆಂಡು ಸಿಗುವ ಅಂಗಡಿ

ಬಳ್ಳಾರಿಯ ಬೆಂಗಳೂರು ರಸ್ತೆಯಲ್ಲಿ ಬಟ್ಟೆ ಅಂಗಡಿಗಳ ಸಾಲಿನ ನಡುವೆ ಒಂದು ಸಣ್ಣ ಸ್ಪೋರ್ಟ್ಸ್ ಅಂಗಡಿ ಇದೆ. ಯಜಮಾನರಿಗೆ ಪ್ರಚಾರ ಇಷ್ಟವಿಲ್ಲ, ಹಾಗಾಗಿ ಹೆಸರು ಬರೆಯುತ್ತಿಲ್ಲ. ಬಾಗಿಲ ಮುಂದೆ ನೇತುಹಾಕಿದ ನೆಟ್‌ಗಳೇ ಗುರುತು. ನಾನು ಸಿರುಗುಪ್ಪ ತಾಲೂಕಿನ ಒಂದು ಸರ್ಕಾರಿ ಹೈಸ್ಕೂಲಿನಲ್ಲಿ ದೈಹಿಕ ಶಿಕ್ಷಣ ಶಿಕ್ಷಕಿ. ವಲಯ ಮಟ್ಟದ ಕ್ರೀಡಾಕೂಟ ಹತ್ತಿರ ಬಂತು ಅಂದ್ರೆ ಬಸ್ ಹತ್ತಿ ಇಲ್ಲಿಗೇ ಬರುತ್ತೇನೆ. ಹೆಣ್ಣುಮಕ್ಕಳ ತಂಡ ಕಟ್ಟುತ್ತಿರುವ ಟೀಚರ್‌ಗಳು ಯಾರಾದರೂ ಇದನ್ನು ಓದುತ್ತಿದ್ದರೆ, ನೀವೂ ಒಮ್ಮೆ ಇಲ್ಲಿಗೆ ಬನ್ನಿ.

ಯಾಕೆ ಅಂದ್ರೆ ಇಲ್ಲಿ ಬಾಸ್ಕೆಟ್‌ಬಾಲ್ ಕೇಳಿದರೆ ಯಜಮಾನರು ಚೆಂಡು ತೆಗೆಯುವ ಮೊದಲು ಒಂದು ಮಾತು ಕೇಳುತ್ತಾರೆ: "ಹುಡುಗ್ರಿಗೇನ್ರಿ ಮೇಡಂ, ಹುಡುಗಿಯರಿಗೇನ್ರಿ?"

ಬೇರೆ ಕಡೆ ಯಾರೂ ಇದನ್ನು ಕೇಳುವುದಿಲ್ಲ. ಸುಮ್ನೆ ಏಳನೇ ಸೈಜು ಕೊಟ್ಟು ಕಳಿಸುತ್ತಾರೆ. ಅದು ಗಂಡಸರ ಚೆಂಡು, ತೂಕ ಸುಮಾರು 600 ಗ್ರಾಂ. ಹೆಂಗಸರದ್ದು ಆರನೇ ಸೈಜು, 510ರಿಂದ 550 ಗ್ರಾಂ. ಕೇಳಿದರೆ ವ್ಯತ್ಯಾಸ ಸಣ್ಣದು ಅನ್ನಿಸುತ್ತದೆ. ಒಂಬತ್ತನೇ ಕ್ಲಾಸಿನ ಹುಡುಗಿಯ ಕೈಗೆ ಎರಡನ್ನೂ ಒಂದಾದ ಮೇಲೊಂದು ಕೊಟ್ಟು ನೋಡಿ. ಏಳನೇ ಸೈಜಿನ ಚೆಂಡನ್ನು ಅವಳು ಎರಡೂ ಕೈಯಿಂದ ಎದೆಗೆ ಅವಚಿಕೊಂಡು ತಳ್ಳುತ್ತಾಳೆ. ಆರನೆಯದನ್ನು ಬೆರಳ ತುದಿಯಲ್ಲಿ ಹಿಡಿದು, ಮಣಿಕಟ್ಟು ಮಡಚಿ ಎಸೆಯುತ್ತಾಳೆ. "ಹುಡುಗಿಯರಿಗೆ ಶೂಟಿಂಗ್ ಬರಲ್ಲ" ಅನ್ನುವ ಮಾತು ಎಷ್ಟೋ ಸಲ ತಪ್ಪು ಚೆಂಡಿನಿಂದ ಹುಟ್ಟಿದ್ದು ಅಂತ ನಾನು ನಂಬುತ್ತೇನೆ.

ಈ ಆಟ ಹುಟ್ಟಿದ್ದು 1891ರ ಡಿಸೆಂಬರ್‌ನಲ್ಲಿ, ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಸ್ಪ್ರಿಂಗ್‌ಫೀಲ್ಡ್‌ನಲ್ಲಿ. ಅಲ್ಲಿನ ವೈಎಂಸಿಎ (ಯುವಕರ ಕ್ರೈಸ್ತ ಸಂಘ) ತರಬೇತಿ ಶಾಲೆಯಲ್ಲಿ ಜೇಮ್ಸ್ ನೈಸ್ಮಿತ್ ಎಂಬ ಕೆನಡಾದ ಮೇಷ್ಟ್ರು ಇದ್ದರು. ಹೊರಗೆ ಹಿಮ, ಒಳಗೆ ಕವಾಯತು ಮಾಡಿ ಬೇಸತ್ತ 18 ಹುಡುಗರು. ನೈಸ್ಮಿತ್ ಪೀಚ್ ಹಣ್ಣಿನ ಎರಡು ಬುಟ್ಟಿಗಳನ್ನು 10 ಅಡಿ ಎತ್ತರದಲ್ಲಿ ಕಟ್ಟಿಸಿ, 13 ನಿಯಮ ಬರೆದು, ಫುಟ್‌ಬಾಲನ್ನೇ ಕೈಗೆ ಕೊಟ್ಟರು. ಇಷ್ಟನ್ನು ನಮ್ಮ ಪಿ.ಇ. ಪುಸ್ತಕಗಳಲ್ಲೂ ಬರೆದಿರುತ್ತಾರೆ. ಆಮೇಲಿನದನ್ನು ಬರೆಯುವುದಿಲ್ಲ. ಹತ್ತಿರದ ಶಾಲೆಯ ಟೀಚರ್‌ಗಳು ಊಟದ ಬಿಡುವಿನಲ್ಲಿ ಆ ಆಟ ನೋಡಲು ಬರುತ್ತಿದ್ದರು. ನೋಡಿ ನೋಡಿ, ನಾವೂ ಆಡಬಹುದಾ ಅಂತ ಕೇಳಿದರು. ನೈಸ್ಮಿತ್ ಒಪ್ಪಿದರು. ಹೀಗೆ ಆಡಿದವರಲ್ಲಿ ಒಬ್ಬರಾದ ಮಾಡ್ ಶರ್ಮನ್ 1894ರಲ್ಲಿ ಅವರನ್ನೇ ಮದುವೆಯಾದರು. ಆಟ ಹುಟ್ಟಿ ಕೆಲವೇ ತಿಂಗಳಲ್ಲಿ ಹೆಣ್ಣುಮಕ್ಕಳು ಅಂಗಳಕ್ಕೆ ಬಂದಿದ್ದರು, ಅದೂ ನಮ್ಮಂಥ ಟೀಚರ್‌ಗಳೇ. ನನಗೆ ಇದರ ಬಗ್ಗೆ ತುಂಬಾ ಹೆಮ್ಮೆ.

1892ರಲ್ಲಿ ಸ್ಮಿತ್ ಎಂಬ ಮಹಿಳಾ ಕಾಲೇಜಿನ ಟೀಚರ್ ಸೆಂಡಾ ಬೆರೆನ್ಸನ್ ಈ ಆಟವನ್ನು ತಮ್ಮ ವಿದ್ಯಾರ್ಥಿನಿಯರಿಗೆ ಕಲಿಸಿದರು. ಅಂಗಳವನ್ನು ಮೂರು ಭಾಗ ಮಾಡಿ, ಯಾರೂ ತಮ್ಮ ಭಾಗ ದಾಟಬಾರದು, ಇನ್ನೊಬ್ಬರ ಕೈಯಿಂದ ಚೆಂಡು ಕಿತ್ತುಕೊಳ್ಳಬಾರದು ಅಂತ ನಿಯಮ ಮಾಡಿದರು. 1893ರ ಮಾರ್ಚ್‌ನಲ್ಲಿ ಮೊದಲ ಪಂದ್ಯ ನಡೆದಾಗ ಗಂಡಸರನ್ನು ಒಳಗೇ ಬಿಡಲಿಲ್ಲ. ನಮ್ಮ ಶಾಲೆಯಲ್ಲಿ ಸಂಜೆ ಪ್ರಾಕ್ಟೀಸ್ ಶುರುವಾದರೆ ಕಾಂಪೌಂಡ್ ಗೋಡೆ ಮೇಲೆ ಹುಡುಗರು ಸಾಲಾಗಿ ಕೂರುತ್ತಾರೆ. ಹುಡುಗಿಯರು ದುಪಟ್ಟಾ ಸರಿಮಾಡಿಕೊಳ್ಳುವುದರಲ್ಲೇ ಚೆಂಡು ಬಿಡುತ್ತಾರೆ. ಬೆರೆನ್ಸನ್ ಬಾಗಿಲು ಹಾಕಿಸಿದ್ದು ಯಾಕೆ ಅಂತ ನನಗೆ ಚೆನ್ನಾಗಿ ಅರ್ಥವಾಗುತ್ತದೆ.

ಹೀಗೆ ಮೊದಲಿನಿಂದಲೂ ಆಡಿದ ಹೆಣ್ಣುಮಕ್ಕಳಿಗೆ ತಮ್ಮ ಕೈಯಳತೆಯ ಚೆಂಡು ಸಿಕ್ಕಿದ್ದು ಯಾವಾಗ? ಅಮೆರಿಕದ ಕಾಲೇಜು ಪಂದ್ಯಗಳಲ್ಲಿ 1984ರಲ್ಲಿ. ಅಂತರರಾಷ್ಟ್ರೀಯ ಪಂದ್ಯಗಳಲ್ಲಿ 2004ರಲ್ಲಿ. ಆ ಚೆಂಡು ಈಗ ಬಳ್ಳಾರಿಯ ಈ ಅಂಗಡಿಯ ಶೆಲ್ಫಿನಲ್ಲಿ, ಆರ್ಡರ್ ಕೊಡದೆಯೂ ಸಿಗುತ್ತದೆ. ಗಾಳಿ ತುಂಬಿದ ಮೇಲೆ ಯಜಮಾನರು ಅದನ್ನು ತಲೆಯ ಎತ್ತರದಿಂದ ಸಿಮೆಂಟ್ ನೆಲಕ್ಕೆ ಬಿಡುತ್ತಾರೆ. ಎಸೆಯುವುದಿಲ್ಲ, ಕೈ ತೆರೆದು ಬಿಡುತ್ತಾರೆ ಅಷ್ಟೇ. ಸೊಂಟ ದಾಟಿ ಎದೆಯ ಹತ್ತಿರ ಬಂದರೆ ಸರಿ. ಅದಕ್ಕಿಂತ ಕೆಳಗೇ ನಿಂತರೆ ಇನ್ನೆರಡು ಪಂಪ್. ಮೇಲೆ ಹೋದರೆ ಪಿನ್ ಹಾಕಿ ಗಾಳಿ ಬಿಡುತ್ತಾರೆ. ಆಮೇಲೆ ಚೆಂಡನ್ನು ಕಣ್ಣಿನ ಮಟ್ಟಕ್ಕೆ ಹಿಡಿದು ತಿರುಗಿಸಿ, ಒಂದು ಕಡೆ ಉಬ್ಬಿದೆಯಾ ನೋಡುತ್ತಾರೆ. ಉಬ್ಬಿದ್ದರೆ ಅದನ್ನು ಪಕ್ಕಕ್ಕಿಟ್ಟು ಬೇರೆ ತೆಗೆಯುತ್ತಾರೆ. ಗಿರಾಕಿ ಎದುರಿಗೇ ಇದನ್ನು ಮಾಡುವ ಅಂಗಡಿ ನಾನು ಇನ್ನೊಂದು ನೋಡಿಲ್ಲ.

ವಾಲಿಬಾಲ್ ವಿಷಯಕ್ಕೆ ಬರುತ್ತೇನೆ. ನಮ್ಮ ಕಡೆ ಜಾಸ್ತಿ ಮಾರಾಟವಾಗುವುದು ಇದೇ. ಸಿರುಗುಪ್ಪ, ಕಂಪ್ಲಿ, ಸಿಂಧನೂರು ಕಡೆಯ ಹಳ್ಳಿಗಳಲ್ಲಿ ಸಂಜೆ ಗದ್ದೆ ಕೆಲಸ ಮುಗಿದ ಮೇಲೆ ಗುಡಿ ಮುಂದಿನ ಬಯಲಲ್ಲಿ ಎರಡು ಕಂಬ, ಒಂದು ನೆಟ್. ಜಾತ್ರೆಗೆ ಲೈಟು ಹಾಕಿ ರಾತ್ರಿಯೆಲ್ಲಾ ಟೂರ್ನಮೆಂಟ್. ಇದು ನಮ್ಮದೇ ಮಣ್ಣಿನ ಆಟ ಅಂದುಕೊಂಡವರೂ ಇದ್ದಾರೆ. ಆದರೆ ಇದೂ ಅಮೆರಿಕದಿಂದ ಬಂದದ್ದು. ಬಾಸ್ಕೆಟ್‌ಬಾಲ್ ಹುಟ್ಟಿ ನಾಲ್ಕು ವರ್ಷಕ್ಕೆ, 1895ರಲ್ಲಿ, ಸ್ಪ್ರಿಂಗ್‌ಫೀಲ್ಡ್ ಪಕ್ಕದ ಹೋಲಿಯೋಕ್ ಊರಿನ ವೈಎಂಸಿಎಯಲ್ಲಿ ವಿಲಿಯಂ ಮಾರ್ಗನ್ ಇದನ್ನು ಕಟ್ಟಿದರು. ಅವರ ಹತ್ತಿರ ವ್ಯಾಯಾಮಕ್ಕೆ ಬರುತ್ತಿದ್ದ ನಡುವಯಸ್ಸಿನ ವ್ಯಾಪಾರಸ್ಥರಿಗೆ ಬಾಸ್ಕೆಟ್‌ಬಾಲಿನ ನೂಕುನುಗ್ಗಲು ಕಷ್ಟವಾಗುತ್ತಿತ್ತು. ಮಾರ್ಗನ್ ಟೆನಿಸ್ ನೆಟ್ಟನ್ನು ಆರೂವರೆ ಅಡಿಗೆ ಏರಿಸಿದರು. ಬಾಸ್ಕೆಟ್‌ಬಾಲ್ ತುಂಬಾ ಭಾರ, ಅದರ ಒಳಗಿನ ಗಾಳಿಚೀಲ (ಬ್ಲಾಡರ್) ಮಾತ್ರ ತೆಗೆದುಕೊಂಡರೆ ತುಂಬಾ ಹಗುರ. ಕೊನೆಗೆ ಸ್ಪಾಲ್ಡಿಂಗ್ ಕಂಪನಿಗೆ ಹೇಳಿ ಹೊಸ ಚೆಂಡನ್ನೇ ಮಾಡಿಸಿದರು.

ಇದು ನಮ್ಮ ತನಕ ಬಂದದ್ದೂ ವೈಎಂಸಿಎ ಮೇಷ್ಟ್ರುಗಳ ಕೈಯಿಂದಲೇ. ನೈಸ್ಮಿತ್ ಪಾಠ ಮಾಡಿದ ಅದೇ ಸ್ಪ್ರಿಂಗ್‌ಫೀಲ್ಡ್ ಸಂಸ್ಥೆಯಲ್ಲಿ ಕಲಿತ ಹ್ಯಾರಿ ಕ್ರೋ ಬಕ್ ಮದ್ರಾಸಿಗೆ ಬಂದು, 1920ರಲ್ಲಿ ದೈಹಿಕ ಶಿಕ್ಷಣದ ಕಾಲೇಜು ಶುರು ಮಾಡಿದರು. ಬಳ್ಳಾರಿ 1953ರ ತನಕ ಮದ್ರಾಸಿಗೆ ಸೇರಿದ ಜಿಲ್ಲೆ ಅಲ್ವಾ. ನಮ್ಮ ಡ್ರಿಲ್ ಮೇಷ್ಟ್ರುಗಳ ಪರಂಪರೆ ಎಲ್ಲಿಗೆ ಹೋಗಿ ಮುಟ್ಟುತ್ತದೆ ಅಂತ ಯೋಚಿಸಿದರೆ ಖುಷಿಯಾಗುತ್ತದೆ.

ಒಂದು ವಿಷಯ ಮಾತ್ರ ನನ್ನನ್ನು ಕಾಡುತ್ತದೆ. ನಮ್ಮ ಹಳ್ಳಿಗಳಲ್ಲಿ ವಾಲಿಬಾಲ್ ಅಂದ್ರೆ ಗಂಡಸರ ಆಟ. ಅದು ಹುಟ್ಟಿದ ದೇಶದಲ್ಲಿ ಇವತ್ತು ಹೈಸ್ಕೂಲ್ ಹುಡುಗಿಯರು ಅತಿ ಹೆಚ್ಚು ಆಡುವ ತಂಡದ ಆಟ ಅದು. ತನ್ನಿಂತಾನೇ ಹಾಗಾಗಲಿಲ್ಲ. 1972ರಲ್ಲಿ ಅಲ್ಲಿ ಟೈಟಲ್ ನೈನ್ ಎಂಬ ಕಾನೂನು ಬಂತು. ಸರ್ಕಾರದ ದುಡ್ಡು ಪಡೆಯುವ ಶಾಲೆ, ಕಾಲೇಜು ಹೆಣ್ಣು ಗಂಡು ಅಂತ ಭೇದ ಮಾಡುವಂತಿಲ್ಲ. ಆಟಕ್ಕೂ ಅದು ಅನ್ವಯ. ಅದಕ್ಕೆ ಮುಂಚೆ ಎಲ್ಲ ಆಟ ಸೇರಿ ಹೈಸ್ಕೂಲ್ ತಂಡಗಳಲ್ಲಿ ಆಡುತ್ತಿದ್ದ ಹುಡುಗಿಯರು 3 ಲಕ್ಷಕ್ಕೂ ಕಡಿಮೆ. ಈಗ 30 ಲಕ್ಷಕ್ಕೂ ಜಾಸ್ತಿ. 2023ರ ಆಗಸ್ಟ್ 30ರಂದು ನೆಬ್ರಾಸ್ಕಾ ವಿಶ್ವವಿದ್ಯಾಲಯದ ಹುಡುಗಿಯರ ವಾಲಿಬಾಲ್ ಪಂದ್ಯ ನೋಡಲು 92,003 ಜನ ಸೇರಿದ್ದರು. ಅದರ ವಿಡಿಯೋವನ್ನು ಸ್ಟಾಫ್ ರೂಮಿನಲ್ಲಿ ಮಕ್ಕಳಿಗೆ ತೋರಿಸಿದೆ. ಒಬ್ಬಳು ಕೇಳಿದಳು: "ಟೀಚರ್, ಇಷ್ಟೂ ಜನ ಹುಡುಗಿಯರ ಮ್ಯಾಚಿಗೇ ಬಂದಾರೇನ್ರಿ?" ಹೌದಮ್ಮ ಅಂದೆ. ಅವಳು ಫೋನ್ ಇಸ್ಕೊಂಡು ಮತ್ತೆ ನೋಡಿದಳು.

ಇದನ್ನೆಲ್ಲ ನಾನು ಯಾವತ್ತೂ ಹೇಳಿರದಿದ್ದರೂ ಈ ಅಂಗಡಿಯವರು ಒಂದು ಕೆಲಸ ಮಾಡುತ್ತಾರೆ. ವಾಲಿಬಾಲ್ ನೆಟ್ ಕೊಂಡರೆ ಜೊತೆಗೆ ಒಂದು ಅಳತೆ ದಾರ ಕೊಡುತ್ತಾರೆ. ನೀಲಿ ಗಂಟು 2.43 ಮೀಟರಿಗೆ, ಗಂಡಸರದ್ದು. ಕೆಂಪು ಗಂಟು 2.24ಕ್ಕೆ, ಹೆಂಗಸರದ್ದು. ಕಂಬದ ಪಕ್ಕ ದಾರ ಇಳಿಬಿಟ್ಟು ಕಟ್ಟಿದರೆ ಆಯಿತು, ಟೇಪ್ ಬೇಡ. ಮೊದಲು ನಮ್ಮ ಹುಡುಗಿಯರು ಗಂಡುಮಕ್ಕಳಿಗೆ ಕಟ್ಟಿದ ನೆಟ್ಟಿನಲ್ಲೇ ಆಡುತ್ತಿದ್ದರು. ಸ್ಮ್ಯಾಶ್ ಹೊಡೆಯಲು ಹೋದರೆ ಚೆಂಡು ನೆಟ್ಟಿಗೆ. ಕೆಂಪು ಗಂಟಿಗೆ ಇಳಿಸಿದ ಮೇಲೆ ನಮ್ಮ ತಂಡದ ಉದ್ದ ಹುಡುಗಿ ಮೇಲಿಂದ ಹೊಡೆದಳು. ಆ ಸದ್ದು ಕೇಳಿ ಗೋಡೆ ಮೇಲಿನ ಹುಡುಗರೂ ಚಪ್ಪಾಳೆ ತಟ್ಟಿದರು. ಅವಳಿಗೆ ನಾನು ಫ್ಲೋ ಹೈಮನ್ ಕಥೆ ಹೇಳಿದೆ. ಆರಡಿ ಐದು ಇಂಚು ಎತ್ತರದ ಕಪ್ಪು ಹುಡುಗಿ, 1984ರ ಒಲಿಂಪಿಕ್ಸ್‌ನಲ್ಲಿ ಅಮೆರಿಕಕ್ಕೆ ಬೆಳ್ಳಿ ತಂದ ತಂಡದಲ್ಲಿದ್ದವಳು, ಹೆಣ್ಣುಮಕ್ಕಳ ಆಟದ ಹಕ್ಕಿಗಾಗಿ ದನಿ ಎತ್ತಿದವಳು. 1986ರಲ್ಲಿ ಜಪಾನಿನಲ್ಲಿ ಪಂದ್ಯದ ನಡುವೆಯೇ ಕುಸಿದು ತೀರಿಕೊಂಡಳು.

ಇನ್ನು ಚೆಂಡುಗಳ ಬಗ್ಗೆ. ಸರ್ಕಾರಿ ಶಾಲೆಯವರು ಮೋಲ್ಡೆಡ್ ರಬ್ಬರ್ ಚೆಂಡು ತಗೊಳ್ಳಿ. ಸುಮಾರು 400 ರೂಪಾಯಿಗೆ ಸಿಗುತ್ತದೆ. ಕೈ ಸ್ವಲ್ಪ ಉರಿಯುತ್ತದೆ, ನಿಜ. ಆದರೆ ನಮ್ಮ ಎರೆ ಮಣ್ಣಿಗೆ, ಜಾಲಿ ಮುಳ್ಳಿಗೆ ತಡೆಯುವುದು ಅದೇ. ಅಂಟಿಸಿದ ಪದರದ ದುಬಾರಿ ಚೆಂಡು ಪಂದ್ಯಕ್ಕೆ ಮಾತ್ರ ಇರಲಿ. ಅದನ್ನು ತಗಡಿನ ಶೀಟಿನ ಕೋಣೆಯಲ್ಲಿ ಇಡಬೇಡಿ. ಬಳ್ಳಾರಿಯ ಏಪ್ರಿಲ್ ಬಿಸಿಲಿಗೆ ಅಂಟು ಬಿಟ್ಟು ಪದರ ಏಳುತ್ತದೆ. ಇಲ್ಲೇ ಅಂಗಡಿಯ ಬಗ್ಗೆ ನನ್ನ ಒಂದು ತಕರಾರು ಇದೆ. ಅವರೂ ಒಳ್ಳೆಯ ಚೆಂಡುಗಳನ್ನು ಗಾಜಿನ ಮುಂದೆ, ಮಧ್ಯಾಹ್ನದ ಬಿಸಿಲು ಬೀಳುವ ಜಾಗದಲ್ಲೇ ಇಡುತ್ತಾರೆ. ಒಳಗಿನ ಶೆಲ್ಫಿಂದಲೇ ಕೊಡಿ ಅಂತ ಕೇಳಿ ತಗೊಳ್ಳಿ.

ಜೆರ್ಸಿ ಮೇಲೆ ನಂಬರ್ ಹಾಕಿಸುವುದು ಬೇಡ. ಬೇರೆಯವರ ಹತ್ತಿರ ಮಾಡಿಸಿ ಕೊಡುತ್ತಾರೆ. ಐದಾರು ಸಲ ಒಗೆಯುವಷ್ಟರಲ್ಲಿ ಅಂಚು ಎದ್ದಿತು. ಅಂಗಡಿಗೆ ಬರುವ ಹುಡುಗರೆಲ್ಲ 23 ಕೇಳುತ್ತಾರೆ, ಬಾಸ್ಕೆಟ್‌ಬಾಲ್ ಆಟಗಾರ ಮೈಕೆಲ್ ಜೋರ್ಡನ್ ನಂಬರ್. ನಮ್ಮ ತಂಡದವಳೊಬ್ಬಳು 42 ಬೇಕು ಅಂದಳು. ಅದಕ್ಕೆ ಕಾರಣ ನಾನು ಕ್ಲಾಸಿನಲ್ಲಿ ಹೇಳಿದ್ದ ಜಾಕಿ ರಾಬಿನ್ಸನ್ ಕಥೆ. ಅಮೆರಿಕದ ದೊಡ್ಡ ಬೇಸ್‌ಬಾಲ್ ಲೀಗುಗಳು ಹತ್ತಾರು ವರ್ಷ ಕಪ್ಪು ಜನರನ್ನು ಸೇರಿಸಿಕೊಳ್ಳುತ್ತಿರಲಿಲ್ಲ. 1947ರ ಏಪ್ರಿಲ್ 15ರಂದು ರಾಬಿನ್ಸನ್ ಬ್ರೂಕ್ಲಿನ್ ಡಾಡ್ಜರ್ಸ್ ಪರ ಕಣಕ್ಕಿಳಿದರು, ಬೈಗುಳ ತಿಂದುಕೊಂಡೇ ಆಡಿದರು. 1997ರಲ್ಲಿ ಅವರ ನಂಬರ್ ಆದ 42 ಅನ್ನು ಹೊಸಬರು ಯಾರಿಗೂ ಕೊಡಬಾರದು ಅಂತ ಎಲ್ಲ ತಂಡಗಳೂ ಅವರ ಗೌರವಕ್ಕೆ ಮೀಸಲಿಟ್ಟವು. ನಮ್ಮ ಊರಲ್ಲೂ ಬಯಲು ಯಾವ ಓಣಿಯವರದ್ದು, ಯಾರ ಮಕ್ಕಳು ಅಲ್ಲಿಗೆ ಕಾಲಿಡಬಹುದು ಅನ್ನುವ ಮಾತು ಇವತ್ತಿಗೂ ಮುಗಿದಿಲ್ಲ. ಆ ಹುಡುಗಿಗೆ ಕಥೆ ಬೇಗ ಅರ್ಥವಾಯಿತು. ನಂಬರ್ ಅಂಚು ಎದ್ದಾಗ ಅವಳೇ ಸೂಜಿ ದಾರದಲ್ಲಿ ಸುತ್ತ ಹೊಲಿದುಕೊಂಡಳು.

ಬಿಲ್ಲಿನ ವಿಷಯದಲ್ಲಿ ಕಷ್ಟವಿಲ್ಲ. ಶಾಲೆಯ ಹೆಸರಿಗೆ ಜಿಎಸ್‌ಟಿ ಬಿಲ್ ಕೊಡುತ್ತಾರೆ, ಕ್ರೀಡಾ ನಿಧಿಯ ಲೆಕ್ಕಕ್ಕೆ ನಡೆಯುತ್ತದೆ. ಶಾಲೆಯವರಿಗೆ ಬೆಲೆಯಲ್ಲಿ ಸ್ವಲ್ಪ ಬಿಡುತ್ತಾರೆ. ಹರಿದ ನೆಟ್ಟಿನ ಮೇಲಿನ ಬಿಳಿ ಪಟ್ಟಿಯನ್ನು ಹೊಸದಾಗಿ ಹೊಲಿದೂ ಕೊಡುತ್ತಾರೆ. ಮಧ್ಯಾಹ್ನ ಊಟದ ಹೊತ್ತಿಗೆ ಬಾಗಿಲು ಹಾಕಿರುತ್ತದೆ, ಬೆಳಿಗ್ಗೆಯೇ ಹೋಗಿ.

ಸಿಗದೇ ಇರುವುದು ಬೇಸ್‌ಬಾಲ್ ಥರದ ಆಟವಾದ ಸಾಫ್ಟ್‌ಬಾಲಿನ ಸಾಮಾನು. 1887ರಲ್ಲಿ ಶಿಕಾಗೋದ ಒಂದು ಕ್ಲಬ್ಬಿನ ಒಳಗೆ ಬಾಕ್ಸಿಂಗ್ ಗ್ಲೌಸನ್ನು ಚೆಂಡಿನ ಹಾಗೆ ಸುತ್ತಿ, ಪೊರಕೆ ಹಿಡಿಯಿಂದ ಹೊಡೆದು ಶುರುವಾದ ಆಟ ಅದು. ಈಗ ಅದಕ್ಕೆ ಬೇಕಾದ ಗ್ಲೌಸಿನ ಬೆಲೆ ನಮ್ಮಂಥ ಶಾಲೆಗೆ ಭಾರ. ಆದರೂ ನಮ್ಮ ಮಕ್ಕಳು ಕಲಿಯಲೇಬೇಕು ಅಂತ ಹಠ ಹಿಡಿದಿದ್ದಾರೆ. ಯಜಮಾನರು ಮೀರತ್‌ನಿಂದ ತರಿಸಿಕೊಡುತ್ತೇನೆ ಅಂದಿದ್ದಾರೆ, ಅಡ್ವಾನ್ಸ್ ಕೊಟ್ಟು ಬಂದಿದ್ದೇನೆ. ಆರ್ಡರ್ ಬರೆದುಕೊಳ್ಳುವಾಗ ಪೆನ್ನು ನಿಲ್ಲಿಸಿ ಕೇಳಿದರು: "ಎಡಗೈ ಮಕ್ಕಳು ಯಾರಾದ್ರೂ ಇದಾರೇನ್ರಿ ಮೇಡಂ? ಅವರದ್ದು ಬೇರೆ ಬರ್ತದ." ಒಬ್ಬಳಿದ್ದಾಳೆ. ಅವಳದ್ದನ್ನೂ ಬರೆಸಿದೆ. ಗ್ಲೌಸ್ ಬಂದ ಮೇಲೆ ಅದರ ಚರ್ಮ, ಹೊಲಿಗೆ ಹೇಗಿದೆ ಅಂತ ಬೇರೆಯಾಗಿ ಬರೆಯುತ್ತೇನೆ.