ಚಿತ್ರ ನನ್ನದು, ಹಕ್ಕು ಯಾರದು? ಕಲಬುರಗಿಯ ವಕೀಲರೊಬ್ಬರ ಸಲಹಾ ಸೇವೆಯ ವಿಮರ್ಶೆ

ಟ್ಯಾಬ್‌ನಲ್ಲಿ ಚಿತ್ರ ಬರೆದು ಹೊಟ್ಟೆ ಹೊರೆಯುವ ನನ್ನಂಥವರು ವಕೀಲರ ಕಚೇರಿಯ ಮೆಟ್ಟಿಲು ಹತ್ತುವುದು ಜಗಳ ಹುಟ್ಟಿದ ಮೇಲೆಯೇ. ನಾನೂ ಹಾಗೆಯೇ ಹೋದೆ. ಕಲಬುರಗಿಯ ಹೈಕೋರ್ಟ್ ಪೀಠದಲ್ಲಿ ವಕಾಲತ್ತು ನಡೆಸುವ ಈ ವಕೀಲೆ, ಸ್ವತಂತ್ರ ಕಲಾವಿದರಿಗೆ ಎರಡು ಭೇಟಿ ಹಾಗೂ ಒಂದು ಕರಾರು ಪತ್ರದ ಕರಡು ಸೇರಿ 1,500 ರೂಪಾಯಿ ತೆಗೆದುಕೊಳ್ಳುತ್ತಾರೆ. ವಕೀಲರು ನೇರವಾಗಿಯಾಗಲಿ ಪರೋಕ್ಷವಾಗಿಯಾಗಲಿ ತಮ್ಮ ಪ್ರಚಾರ ಮಾಡಿಕೊಳ್ಳುವುದನ್ನು ಭಾರತೀಯ ವಕೀಲರ ಪರಿಷತ್ತಿನ ನಿಯಮಗಳು ನಿಷೇಧಿಸಿರುವುದರಿಂದ ಅವರ ಹೆಸರನ್ನು ಇಲ್ಲಿ ಬರೆಯುತ್ತಿಲ್ಲ.

ನನ್ನ ತಕರಾರು ಇಷ್ಟು. ತೊಗರಿಬೇಳೆ ತಯಾರಿಸುವ ಒಂದು ದಾಲ್ ಮಿಲ್ಲಿನವರು ಹಬ್ಬದ ಶುಭಾಶಯದ ಪೋಸ್ಟರಿಗೆಂದು ತೊಗರಿ ಹೊಲದ ಚಿತ್ರವೊಂದನ್ನು ನನ್ನಿಂದ ಬರೆಸಿಕೊಂಡರು. ನಾಲ್ಕು ತಿಂಗಳ ಬಳಿಕ ಅದೇ ಚಿತ್ರ, ಮೂಲೆಯಲ್ಲಿದ್ದ ನನ್ನ ಸಹಿ ಅಳಿಸಿಹೋಗಿ, ಅವರ ಒಂದು ಕೆಜಿ ಪ್ಯಾಕೆಟ್ಟಿನ ಮೇಲೆ ಕಾಣಿಸಿತು. ಕೇಳಿದರೆ, “ರೊಕ್ಕ ಕೊಟ್ಟೀವಲ್ರೀ, ಇನ್ನ ಅದು ನಮ್ದೇ ಅಲ್ಲೇನ್ರಿ?” ಎಂದರು. ಕಾನೂನು ಪೂರ್ತಿ ನನ್ನ ಕಡೆಗಿದೆ ಎಂಬ ಧೈರ್ಯದಿಂದಲೇ ನಾನು ಕಚೇರಿಗೆ ಹೋಗಿದ್ದೆ.

ವಕೀಲರು ಆ ಧೈರ್ಯವನ್ನು ಮೊದಲ ಹತ್ತು ನಿಮಿಷದಲ್ಲೇ ಇಳಿಸಿದರು, ಮತ್ತು ಈ ಸೇವೆಯ ನಿಜವಾದ ಬೆಲೆ ಇರುವುದು ಅಲ್ಲಿಯೇ ಎಂದು ನನಗೆ ಈಗ ಅನಿಸುತ್ತದೆ. 1957ರ ಕೃತಿಸ್ವಾಮ್ಯ (ಕಾಪಿರೈಟ್) ಕಾಯ್ದೆಯ 17ನೇ ಕಲಮಿನಂತೆ ಕೃತಿಯ ಮೊದಲ ಒಡೆಯ ಅದನ್ನು ರಚಿಸಿದವನೇ ಆದರೂ, ಒಬ್ಬರ ಕೋರಿಕೆಯ ಮೇರೆಗೆ ಹಣ ಪಡೆದು ಬರೆದ ವರ್ಣಚಿತ್ರ ಅಥವಾ ಭಾವಚಿತ್ರದ ವಿಷಯದಲ್ಲಿ, ಬೇರೆ ಒಪ್ಪಂದ ಇಲ್ಲದಿದ್ದರೆ, ಬರೆಸಿದವರೇ ಮೊದಲ ಒಡೆಯರಾಗುತ್ತಾರೆ. ಮದುವೆಯ ಭಾವಚಿತ್ರಗಳನ್ನು ಬರೆದುಕೊಟ್ಟು ಹಕ್ಕೆಲ್ಲ ತಮ್ಮದೇ ಎಂದುಕೊಂಡಿರುವ ಗೆಳೆಯರು ಈ ವಾಕ್ಯವನ್ನು ಎರಡು ಸಲ ಓದಬೇಕು. ಟ್ಯಾಬ್‌ನಲ್ಲಿ ಬರೆದದ್ದು ‘ವರ್ಣಚಿತ್ರ’ವೇ ಅಲ್ಲ ಎಂದು ವಾದ ಹೂಡಬಹುದಾದರೂ, ಆ ವಾದಕ್ಕೆ ತಗಲುವ ಖರ್ಚು ನನಗೆ ಬಂದ ಸಂಭಾವನೆಯ ಎಷ್ಟೋ ಪಟ್ಟು ಎಂದು ಅವರು ಮುಚ್ಚುಮರೆಯಿಲ್ಲದೆ ಹೇಳಿದರು. ಬದಲಿಗೆ ಹಿಡಿದದ್ದು 57ನೇ ಕಲಮನ್ನು. ಹಕ್ಕು ಯಾರ ಕೈಗೆ ಹೋದರೂ ಕೃತಿ ತನ್ನದೆಂದು ಹೇಳಿಕೊಳ್ಳುವ ಅಧಿಕಾರ ಮತ್ತು ತನ್ನ ಮಾನಕ್ಕೆ ಕುಂದು ತರುವಂತೆ ಅದನ್ನು ವಿರೂಪಗೊಳಿಸುವುದನ್ನು ತಡೆಯುವ ಅಧಿಕಾರ ಕಲಾವಿದನಲ್ಲಿಯೇ ಉಳಿಯುತ್ತದೆ. ಇದನ್ನೇ ಹಿಡಿದು ವಕೀಲರು ಬರೆದ ಒಂದು ಪತ್ರಕ್ಕೇ ಮಿಲ್ಲಿನವರು ಮಣಿದರು; ಮುಂದಿನ ಮುದ್ರಣದಲ್ಲಿ ಸಹಿ ಮರಳಿತು, ಜೊತೆಗೆ ಸ್ವಲ್ಪ ಹಣವೂ ಬಂತು.

ಎರಡನೆಯ ಭೇಟಿ ಕರಾರು ಪತ್ರಕ್ಕೆ ಮೀಸಲು. ಹಕ್ಕಿನ ವರ್ಗಾವಣೆ ಬರವಣಿಗೆಯಲ್ಲಿ, ಸಹಿಯೊಂದಿಗೆ ಇರಲೇಬೇಕು. ಅವಧಿ ಬರೆಯದಿದ್ದರೆ ಅದು 5 ವರ್ಷಕ್ಕೆ, ಪ್ರದೇಶ ಬರೆಯದಿದ್ದರೆ ಭಾರತಕ್ಕೆ ಸೀಮಿತ ಎಂದು 19ನೇ ಕಲಮು ಹೇಳುತ್ತದೆ. ಅವರ ಒಂದೇ ಪುಟದ ಕರಡಿನಲ್ಲಿ ಚಿತ್ರದ ಒಡೆತನ ಯಾರದು, ಯಾವ ಬಳಕೆಗೆ, ಎಷ್ಟು ಕಾಲ, ಲೇಯರ್ ಇರುವ ಮೂಲ ಫೈಲ್ ಕೊಡಬೇಕೇ, ಕೆಲಸ ನಡುವೆ ನಿಂತರೆ ಮುಂಗಡ ಏನಾಗುತ್ತದೆ ಎಂಬುದೆಲ್ಲ ಅಡಕವಾಗಿದೆ. ನೋಂದಣಿ ಮಾಡಿಸಿ ಎಂದು ಒತ್ತಾಯಿಸಿ ಇನ್ನಷ್ಟು ಶುಲ್ಕ ಕೀಳಲಿಲ್ಲ ಎಂಬುದನ್ನೂ ಹೇಳಬೇಕು. ಕೃತಿ ಹುಟ್ಟಿದೊಡನೆ ಕೃತಿಸ್ವಾಮ್ಯವೂ ಹುಟ್ಟುತ್ತದೆ, ನೋಂದಣಿ ಕಡ್ಡಾಯವಲ್ಲ. ಕಲಾಕೃತಿಗೆ ಸರ್ಕಾರಿ ಶುಲ್ಕ 500 ರೂಪಾಯಿ. ಸರಕಿನ ಮೇಲೆ ಬಳಕೆಯಾಗುವಂಥದ್ದಾದರೆ 2,000 ರೂಪಾಯಿ ಮತ್ತು ಟ್ರೇಡ್‌ಮಾರ್ಕ್ ಕಚೇರಿಯ ಪ್ರಮಾಣಪತ್ರ. ಪ್ಯಾಕೆಟ್ ವಿನ್ಯಾಸಕ್ಕಷ್ಟೇ ಮಾಡಿಸಿ, ಉಳಿದವಕ್ಕೆ ದಿನಾಂಕವಿರುವ ಮೂಲ ಫೈಲ್‌ಗಳನ್ನು ಜೋಪಾನ ಮಾಡಿ ಎಂದರು.

ನೈತಿಕತೆಯ ಮಾತು ಬಂದದ್ದು ನಾನೇ ಎತ್ತಿದ್ದರಿಂದ. ಗಿರಾಕಿಗಳು “ಪಂಡಿತರ ದೇವರ ಚಿತ್ರದ ಹಂಗೇ ಬೇಕು” ಎಂದು ಕೇಳುವುದು ನಮ್ಮೂರಿನಲ್ಲಿ ಹೊಸದಲ್ಲ. ಇಲ್ಲಿಯೇ 1916ರಲ್ಲಿ ಹುಟ್ಟಿದ ಚಿತ್ರಕಲಾವಿದ ಎಸ್.ಎಂ. ಪಂಡಿತರು ತೀರಿಕೊಂಡದ್ದು 1993ರಲ್ಲಿ. ಕಲಾವಿದನ ಮರಣದ ನಂತರ 60 ವರ್ಷದ ಲೆಕ್ಕದಂತೆ, ಅವರು ಬದುಕಿದ್ದಾಗ ಪ್ರಕಟವಾದ ಚಿತ್ರಗಳಿಗೆ 2053ರ ಕೊನೆಯವರೆಗೆ ರಕ್ಷಣೆ ಇದೆ. 1906ರಲ್ಲಿ ತೀರಿಕೊಂಡ ರವಿವರ್ಮನ ಚಿತ್ರಗಳಿಗೆ ಆ ತಡೆ ಇಲ್ಲ. ಶೈಲಿಗೆ ಯಾರೂ ಒಡೆಯರಲ್ಲ, ಆದರೆ ನಿರ್ದಿಷ್ಟ ಚಿತ್ರವನ್ನು ಕೆಳಗಿಟ್ಟು ಗೆರೆ ತಿದ್ದುವುದು ನಕಲೇ. ಬಿದ್ರಿಯ ಹೂಬಳ್ಳಿಯನ್ನು ಬರೆಯುವುದು ಒಂದು, ಮುದ್ರಿತ ಮೊಬೈಲ್ ಕವರನ್ನು ‘ಬಿದ್ರಿ’ ಎಂದು ಮಾರುವುದು ಇನ್ನೊಂದು. ಆ ಹೆಸರಿಗೆ ಭೌಗೋಳಿಕ ಸೂಚಕದ (ಜಿಐ, ಅಂದರೆ ಒಂದು ಪ್ರದೇಶದ ಉತ್ಪನ್ನಕ್ಕಷ್ಟೇ ಸಲ್ಲುವ ಹೆಸರಿನ) ರಕ್ಷಣೆಯಿದೆ. ಇಷ್ಟರಲ್ಲೇ ಮಾತು ಮುಗಿಯಿತು. ಎಐ ಉಪಕರಣದಿಂದ ಬಂದ ಚಿತ್ರವನ್ನು ಕೈಯಿಂದ ಬರೆದದ್ದೆಂದು ಕೊಡುವುದರ ಬಗ್ಗೆ ಕೇಳಿದಾಗ “ಬಿಲ್ಲಿನಲ್ಲಿ ನಿಜ ಬರೆಯಿರಿ” ಎಂದಷ್ಟೇ ಹೇಳಿದ್ದು ನನಗೆ ಸಾಲಲಿಲ್ಲ. ತೆರಿಗೆಯ ವಿಚಾರವನ್ನೂ ಲೆಕ್ಕಪರಿಶೋಧಕರ ಕಡೆಗೆ ಸಾಗಹಾಕಿದರು.

ದೊಡ್ಡ ಕೊರತೆ ಭಾಷೆಯದು. ಕರಡು ಪೂರ್ತಿ ಇಂಗ್ಲಿಷಿನಲ್ಲಿದ್ದು, ನನ್ನ ಗಿರಾಕಿಗಳಲ್ಲಿ ಅರ್ಧ ಜನ ಅದನ್ನು ಓದದೆಯೇ ಸಹಿ ಹಾಕುವರು. ಕನ್ನಡದ ಪ್ರತಿಗೆ 800 ರೂಪಾಯಿ ಹೆಚ್ಚು ಕೇಳಿದ್ದರಿಂದ ನಾನೇ ಅನುವಾದಿಸಿಕೊಂಡೆ. ತೋರಿಸಿದಾಗ ಅವರು ಹಣ ಕೇಳದೆ ಕೂತು ಓದಿ, ನಾನು ‘ಪರವಾನಗಿ’ ಎಂದು ಬರೆಯಬೇಕಾದ ಎರಡು ಕಡೆ ‘ವರ್ಗಾವಣೆ’ ಎಂದು ಬರೆದು ಚಿತ್ರವನ್ನೇ ಮಾರಿಬಿಟ್ಟಿದ್ದನ್ನು ಕೆಂಪು ಪೆನ್ನಿನಲ್ಲಿ ತಿದ್ದಿಕೊಟ್ಟರು.