ಫ್ರೆಂಚ್ ಮೂಕಿ ಚಿತ್ರಗಳ ಪ್ರದರ್ಶನ: ಆಯ್ಕೆಗೆ ಮೆಚ್ಚುಗೆ, ಸಂಗೀತಕ್ಕೆ ಆಕ್ಷೇಪ

ಮೈಸೂರಿನ ಸರಸ್ವತಿಪುರಂನ ಪುಟ್ಟ ಸಭಾಂಗಣದಲ್ಲಿ ಚಿತ್ರಾಸಕ್ತರ ಬಳಗವೊಂದು ಟಿಕೆಟ್ ಇಟ್ಟು ನಡೆಸುತ್ತಿರುವ ಫ್ರೆಂಚ್ ಮೂಕಿ ಚಿತ್ರಗಳ ಪ್ರದರ್ಶನವನ್ನು ಮೊದಲಿಗೆ ಅದರ ಆಯ್ಕೆಗಾಗಿ ಮೆಚ್ಚಬೇಕು. ಸಿನಿಮಾದ ಆದ್ಯರಾದ ಲೂಮಿಯೇರ್ ಸಹೋದರರ ರೈಲಿನ ಚಿತ್ರ, ಕ್ಯಾಮೆರಾ ಕೈಚಳಕದ ನಿರ್ದೇಶಕ ಮೆಲಿಯೆಸ್ ಅವರ ಚಂದ್ರಯಾತ್ರೆಯ ಚಿತ್ರ ಇಷ್ಟನ್ನೇ ತೋರಿಸಿ ಕೈತೊಳೆದುಕೊಳ್ಳದೆ, ಅದೇ ಕಾಲದ ಚಿತ್ರಗಳು ಕರಿಯರನ್ನೂ ಏಷ್ಯಾದವರನ್ನೂ ಹೇಗೆ ಸಿದ್ಧ ಅಚ್ಚಿನಲ್ಲಿ ಎರಕ ಹೊಯ್ದವು ಎಂಬುದನ್ನು ಸಂಘಟಕರು ನೇರವಾಗಿ ಮುಂದಿಟ್ಟಿದ್ದಾರೆ.

ಮೆಲಿಯೆಸ್ ಅವರ 1901ರ ಕುದುರೆಗಾಡಿಯ ಚಿತ್ರದಲ್ಲಿ ಮುಖಕ್ಕೆ ಮಸಿ ಬಳಿದುಕೊಂಡ ನಟರು ಏಟು ಬಿದ್ದೊಡನೆ ಬಿಳಿಯ ವಿದೂಷಕರಾಗುತ್ತಾರೆ, ಮರು ಏಟಿಗೆ ಮತ್ತೆ ಕಪ್ಪಾಗುತ್ತಾರೆ. ಕ್ಯಾಮೆರಾ ನಿಲ್ಲಿಸಿ, ನಟರನ್ನು ಬದಲಿಸಿ, ಮತ್ತೆ ಚಾಲೂ ಮಾಡುವ ಆ ಕೈಚಳಕ ಇಂದಿಗೂ ಬೆರಗು ಹುಟ್ಟಿಸುತ್ತದೆ; ಆದರೆ ಆಟದ ಸಾಮಗ್ರಿಯಾಗಿರುವುದು ಮನುಷ್ಯರ ಮೈಬಣ್ಣ. ಅದೇ ವರ್ಷದ ಇನ್ನೊಂದು ಚಿತ್ರದಲ್ಲಿ ಮೆಲಿಯೆಸ್ ತಾವೇ ಬ್ರಾಹ್ಮಣನ ವೇಷದಲ್ಲಿ ಬಂದು ಕಂಬಳಿಹುಳುವನ್ನು ರೆಕ್ಕೆಯ ಹೆಣ್ಣಾಗಿಸುತ್ತಾರೆ. ಭಾರತೀಯನೆಂದರೆ ಮಾಟಗಾರ ಎಂಬ ಅಚ್ಚಿಗೆ ನಾವೂ ಬಿದ್ದವರೇ ಎಂದು ಮೈಸೂರಿನ ಪ್ರೇಕ್ಷಕರಿಗೆ ಮನವರಿಕೆಯಾಗಲು ಇದಕ್ಕಿಂತ ಬೇರೆ ಉದಾಹರಣೆ ಬೇಕಿಲ್ಲ.

ಆಕ್ಷೇಪವಿರುವುದು ಛಾಯಾಗ್ರಾಹಕ ಗೇಬ್ರಿಯಲ್ ವೇಯ್ರ್ ಅವರು ಲೂಮಿಯೇರ್ ಸಂಸ್ಥೆಗಾಗಿ, ಆಗ ಫ್ರೆಂಚರ ಆಳ್ವಿಕೆಯಲ್ಲಿದ್ದ ಇಂದಿನ ವಿಯೆಟ್ನಾಂನಲ್ಲಿ ಚಿತ್ರೀಕರಿಸಿದ, ಒಂದು ನಿಮಿಷವೂ ಇಲ್ಲದ ತುಣುಕಿನ ವಿಷಯದಲ್ಲಿ. ಬಿಳಿ ಉಡುಪಿನ ಇಬ್ಬರು ಫ್ರೆಂಚ್ ಮಹಿಳೆಯರು ನಾಣ್ಯಗಳನ್ನು ಎರಚುತ್ತಾರೆ, ಮಕ್ಕಳು ನೆಲಕ್ಕೆ ಬಾಗಿ ಮುಗಿಬಿದ್ದು ಹೆಕ್ಕಿಕೊಳ್ಳುತ್ತಾರೆ. ಮಹಿಳೆಯರು ನಿಂತೇ ಇರುತ್ತಾರೆ, ಮಕ್ಕಳು ಬಾಗಿಯೇ ಇರುತ್ತಾರೆ. ವಸಾಹತುಶಾಹಿಯ ಸಂಬಂಧವೆಲ್ಲ ಆ ಎರಡು ಭಂಗಿಗಳಲ್ಲೇ ಇದೆ. ಇಂತಹ ದೃಶ್ಯಕ್ಕೆ ಕೀಬೋರ್ಡ್ ವಾದಕರು ಹಾಸ್ಯಚಿತ್ರಕ್ಕೆ ಹೊಂದುವ ಚುರುಕು ಲಯವನ್ನು ನುಡಿಸಿದ್ದರಿಂದ ಸಭೆಯಲ್ಲಿ ನಗು ಎದ್ದಿತು. ಪ್ರೇಕ್ಷಕರನ್ನು ದೂರುವಂತಿಲ್ಲ, ನಗಬೇಕೆಂದು ಹೇಳಿದ್ದು ಸಂಗೀತವೇ. ಈ ತುಣುಕನ್ನು ಸಂಗೀತವಿಲ್ಲದೆ ತೋರಿಸುವುದೇ ಸರಿ.

ಕರಪತ್ರವೂ ತಿದ್ದುಪಡಿ ಬೇಡುತ್ತದೆ. ಲೂಮಿಯೇರ್ ಸಂಸ್ಥೆ 1900ರಲ್ಲಿ ಚಿತ್ರೀಕರಿಸಿದ ಸರ್ಕಸ್ ಜೋಡಿಯಲ್ಲಿ ಒಬ್ಬರನ್ನು ಕರಪತ್ರ ‘ಷೊಕೊಲಾ’ (ಚಾಕೊಲೇಟ್) ಎಂಬ ರಂಗನಾಮದಿಂದಷ್ಟೇ ಗುರುತಿಸಿದೆ. ಕ್ಯೂಬಾದಲ್ಲಿ ಹುಟ್ಟಿ ಪ್ಯಾರಿಸ್ಸಿನ ಸರ್ಕಸ್ಸಿನಲ್ಲಿ ಹೆಸರು ಮಾಡಿದ ಆ ಕರಿಯ ಕಲಾವಿದ ರಫಾಯೆಲ್ ಪದಿಯಾ. ವರ್ಣಭೇದದ ಕುರಿತಾದ ಪ್ರದರ್ಶನದಲ್ಲೇ ಅವರ ಹೆಸರು ಮುದ್ರಣವಾಗದಿರುವುದು ಸಣ್ಣ ಲೋಪವಲ್ಲ.

ಟಿಕೆಟ್ ದರ ದುಬಾರಿಯಲ್ಲ, ಆಸನಗಳೂ ಚೆನ್ನಾಗಿವೆ. ಮಕ್ಕಳನ್ನು ಕರೆದೊಯ್ಯುವವರು ಚಿತ್ರಗಳು ಮುಗಿದ ಕೂಡಲೇ ಏಳದೆ ಆನಂತರದ ಚರ್ಚೆಗೂ ಕುಳಿತುಕೊಳ್ಳುವುದು ಒಳಿತು. ಅಲ್ಲಿ ಪ್ರಶ್ನೆ ಕೇಳಲು ಸಾಕಷ್ಟು ಸಮಯ ಕೊಡುತ್ತಾರೆ.